ಬಳಕೆಯ ಕಾಲಂ

ಬಾಣಾವರದ ಆಚೆಯಿಂದ ಎರಡು ಬಸ್ಸು ಬದಲಿಸಿ
ಹಾಸನದ ನಮ್ಮ ಕಾಲೇಜಿನ ಜಾನಪದ ಕೋಣೆಗೆ
ಕಡೆಗೋಲೊಂದನ್ನು ಹಳೆಸೀರೆಯ ತುಂಡಲ್ಲಿ ಸುತ್ತಿ
ತಂದಳು, ಎಳೆಗೂಸಿನ ಕತ್ತಿಗೆ ಕೈಯಾನಿಸಿದ ಹಾಗೆ.
ಚಿಕ್ಕೀರಮ್ಮ ಅನ್ನೋಣ. ನಿಜದ ಹೆಸರು ಬೇರೆ.

ದಾಖಲೆ ಪುಸ್ತಕ ತೆರೆದೆ. ನನ್ನ ಕೆಲಸ ಅದು:
ವಸ್ತು, ಉದ್ದ, ಮರ, ಮಾಡಿದವರು, ಬಳಕೆ.
ಉದ್ದ ಎರಡಡಿ ಮೂರಂಗುಲ. ಮರ ಬೇಪಾಲೆ,
"ಎಲೆ ಕಿತ್ರೆ ಹಾಲು ಜಿನುಗ್ತದಲ್ಲ, ಅದೇ ಕಣಪ್ಪ."
ಬುಡದಲ್ಲಿ ಎಂಟು ಎಸಳು, ಬಿರಿಯುವ ಮುನ್ನ ತಡೆದು ನಿಂತಂತೆ.
ಮೇಲೆ ಜೋಡಿ ಗಿಣಿ; ಒಂದರ ಕೊಕ್ಕು ಮುಗಿದಿಲ್ಲ.
ಗಿಣಿಗಳ ಕೆಳಗೆ, ಸಣ್ಣಗೆ ಕಡೆದ ಸೊಂಟದ ಸುತ್ತ
ಒಂದು ಬಿಡಿಬಳೆ.
ಬೆಸುಗೆಯಿಲ್ಲ, ಸೀಳಿಲ್ಲ, ಆಮೇಲೆ ತೊಡಿಸಿದ್ದಲ್ಲ,
ಅದೇ ಮರದೊಳಗಿಂದ ಚಾಕುವಿನ ಮೊನೆಗೆ ಬೇರೆಯಾದದ್ದು.
ಸುತ್ತಲೂ ತಿರುಗುತ್ತದೆ, ಬಿಟ್ಟು ಹೋಗಲಾರದು.

ಎಷ್ಟು ದಿನ ಹಿಡಿಯಿತು, ಅಂದೆ.
"ಕುರಿ ಬಿಟ್ಕೊಂಡು ಕೂತೋನಿಗೆ ದಿನದ ಲೆಕ್ಕ ಎಲ್ಲೀದು?
ಮಾಗಿ ಪೂರ್ತಿ, ಬ್ಯಾಸಿಗೆ ಅರ್ಧ.
ಹಿತ್ತಲ ಬೇಲಿಗೆ ಸಿಗಿಸಿ ಹೋಗಿದ್ದ, ಮಾತಿಲ್ಲ ಕತೆಯಿಲ್ಲ.
ಕಡೆದ್ರೆ ಬಳೆ ಕಟಕಟಾ ಅಂತದೆ.
ಕೋಳಿ ಕೂಗೋ ಹೊತ್ಗೆ ಬೇಲಿಯಾಚೆ ನಿಂತಿರೋನು,
ಸದ್ದು ಬರ್ತದಾ ಅಂತ."

ಬಂತೇ?

ನಕ್ಕಳು. ಬಾಯೊಳಗಿನ ಎಲೆಯಡಿಕೆಯನ್ನು
ಈ ದವಡೆಯಿಂದ ಆ ದವಡೆಗೆ ಸರಿಸಿ,
"ಮಜ್ಜಿಗೆ ಕಡೀಬೇಕಿತ್ತು ನಾನು, ಸುದ್ದಿ ಅಲ್ಲ."

ಇನ್ನೊಂದಿತ್ತಂತೆ. ಕಾಳೇಗೌಡ ಕೊಟ್ಟದ್ದು.
ಹೂವಿಲ್ಲ, ಗಿಣಿಯಿಲ್ಲ, ತಲೆ ಒಂಚೂರು ಓರೆ,
ಬಾಚಿಯ ಪೆಟ್ಟು ಎಣಿಸಬಹುದಿತ್ತು.
ಗಡಿಗೆಗೆ ಇಳಿಬಿಟ್ಟಳು, ಹಗ್ಗ ಸುತ್ತಿದಳು, ಕೈಗೆ ಕೂತಿತು.
ಉತ್ತರ ಅಷ್ಟೇ.
ನಲವತ್ತು ವರ್ಷ ಬೆಳಗೂ ಅದನ್ನೇ ತಿರುಗಿಸಿ
ಹಗ್ಗ ತಿಂದ ಜಾಗ ಕಿರುಬೆರಳಷ್ಟಾಯಿತು,
ಎಸಳು ಒಂದೊಂದೇ ಮೊಂಡಾದವು,
ಕೊನೆಗೆ ಮಗಳ ಬಾಣಂತನದ ನೀರಿಗೆ ಉರಿಯಾಯಿತು,
ಆ ಬೂದಿಯಲ್ಲೇ ಹಂಡೆ ಬೆಳಗಿದಳು.
ಈಗ ತೋರಿಸಲು ಒಂದು ಚಕ್ಕೆಯೂ ಇಲ್ಲ.

ಇದನ್ಯಾಕೆ ಇಟ್ಟುಕೊಂಡಿರಿ?

"ವಾಪಸು ಕೊಡಾಕೆ ಹೋದ್ರೆ ಅವನ ಮುಖ ನೋಡಬೇಕು.
ಒಲೆಗಿಕ್ಕಾಕೆ ಹೋದ್ರೆ ಗಿಣಿ ಮುಖ ನೋಡಬೇಕು.
ಅಟ್ಟದ ಮೇಲೆ ಮಡಗಿದೆ, ರಾಗಿ ವಾಡೆ ಹಿಂದೆ.
ಕಾಳೇಗೌಡನಿಗೂ ಗೊತ್ತಿತ್ತು. ವರ್ಷಕ್ಕೊಂದು ಸಲ
ಅವನೇ ಹರಳೆಣ್ಣೆ ಸವರಿ ಇಡೋನು, ಹುಳ ಬೀಳದಂಗೆ."

ತಲೆಯೆತ್ತಿ ಕೋಣೆ ನೋಡಿದೆ.
ಗಾಜಿನ ಬೀರುವಿನಲ್ಲಿ ಕವಡೆ ಕಟ್ಟಿದ ಎಲೆಚೀಲ,
ಹಲ್ಲೊಂದೂ ಮುರಿಯದ ಮರದ ಹಣಿಗೆ,
ಯಾವ ಕೊಡವೂ ಅದುಮದ ಬಣ್ಣನೂಲಿನ ಸಿಂಬಿ.
ಹದಿನಾರು ವರ್ಷ ಇವುಗಳ ಧೂಳೊರೆಸುತ್ತ
ಎಷ್ಟು ಚೆನ್ನಾಗಿ ಉಳಿದಿವೆ ಎಂದು ಬೀಗಿದವನು ನಾನು.
ಯಾಕೆ ಉಳಿದಿವೆ ಎಂದು ಕೇಳಿರಲಿಲ್ಲ.

ಮಾಡಿದವರು? ಹೆಸರು ಹೇಳಿದಳು, ಮೆಲ್ಲಗೆ.
ಹಿಂದೆಯೇ, "ಬರೀಬ್ಯಾಡ. ಅವನ ಸೊಸೆ ಅವಳೆ ಊರಾಗೆ."
ತಿಳಿದಿಲ್ಲ, ಎಂದು ಬರೆದೆ.
ಮುಂದಿನ ಕಾಲಮ್ಮಿನಲ್ಲಿ ಪೆನ್ನು ನಿಂತಿತು.
ಮಜ್ಜಿಗೆ ಕಡೆಯಲು, ಅಂದರೆ ಸುಳ್ಳು.
ಖಾಲಿ ಬಿಟ್ಟರೆ ಮೇಲಿನವರು ಕೇಳುತ್ತಾರೆ.

ಐದರ ಬಸ್ಸಿಗೆ ಹೊತ್ತಾಯ್ತೆಂದು ಎದ್ದಳು.
ತೂಕ ನೋಡುವ ನೆಪದಲ್ಲಿ ನಾನು ಅದನ್ನು
ಎರಡು ಅಂಗೈಯ ನಡುವೆ ಒಮ್ಮೆ ತಿರುಗಿಸಿದೆ.
ಕಟಕಟ, ಕಟಕಟ.
ಬಾಗಿಲಲ್ಲಿ ಚಪ್ಪಲಿ ತಡಕುತ್ತಿದ್ದ ಕಾಲು
ನಿಂತಿತು ಅಲ್ಲೇ,
ಬಳೆ ಸುಮ್ಮನಾಗುವವರೆಗೂ ನಿಂತಿದ್ದು
ಆಮೇಲೆ ಮೆಟ್ಟಿಕೊಂಡಿತು.